ಮೂಕಪಶುವಿನ ಒಪ್ಪಿಗೆ

ಹಟ್ಟಿ ಎಂಬ ಶಬ್ದಕ್ಕೆ ದನಗಳನ್ನು ಕೂಡುವ ಸ್ಥಳವೆಂದೂ ಅರ್ಥವುಂಟು. ಲಿಂಗಸುಗೂರು ತಾಲೂಕಿನ ಹಟ್ಟಿಯು ಇಂದು ಚಿನ್ನದ ಗಣಿಯಿಂದ ಹೆಸರಾಗಿದ್ದರೂ, ಸುತ್ತಣ ಹಳ್ಳಿಗಳ ಗೃಹಸ್ಥರು ಎತ್ತು-ಆಕಳುಗಳ ಋಣವನ್ನು ಮರೆತಿಲ್ಲ. ಪ್ರಾಣಿಯ ವಂಶವಾಹಿಯನ್ನೇ ತಿದ್ದುವ ವಿದ್ಯೆಯು ಧರ್ಮಸಮ್ಮತವೇ ಎಂಬ ಪ್ರಶ್ನೆಯು ಅಂಥವರಿಗೆ ದೂರದ್ದಲ್ಲ.

ಈ ವಿದ್ಯೆಯ ವಿವಾದವು ಈ ಸೀಮೆಗೆ ಮೊದಲು ಬಂದುದು ಬೆಳೆಯ ರೂಪದಲ್ಲಿ. 1998ರ ನವೆಂಬರಿನಲ್ಲಿ ಸಿಂಧನೂರು ತಾಲೂಕಿನ ಹೊಲವೊಂದರಲ್ಲಿ ಪ್ರಯೋಗಾರ್ಥ ಬೆಳೆದಿದ್ದ ಕುಲಾಂತರಿ ಹತ್ತಿಯನ್ನು ರೈತಸಂಘದವರು ಕಿತ್ತು ಸುಟ್ಟರು. ಬೀಜದ ಗುಣವನ್ನು ಒಡೆಯನಿಗೆ ತಿಳಿಸದೆ ಬಿತ್ತಿಸಿದರೆಂಬುದು ಅವರ ಆಕ್ಷೇಪವಾಗಿದ್ದಿತು. 2002ರಲ್ಲಿ ಸರಕಾರವು ಅಂಥ ಹತ್ತಿಗೆ ಅನುಮತಿಯಿತ್ತ ಮೇಲೆ ಇದೇ ಸೀಮೆಯ ರೈತರು ಅದನ್ನು ಬಿತ್ತಿದರು. ಇದನ್ನು ಚಂಚಲತೆಯೆಂದು ನಗುವುದು ಉಚಿತವಲ್ಲ. ತಿಳಿಸಿ ಕೇಳಿದರೆ ಒಪ್ಪುವುದೂ ತಿಳಿಸದೆ ಹೇರಿದರೆ ಸಿಡಿಯುವುದೂ ಮನುಷ್ಯನಿಗೆ ಸಹಜ. ಪಶುವನ್ನಾದರೋ ಕೇಳುವವರಾರು?

ಇದೆಲ್ಲ ಸೃಷ್ಟಿನಿಯಮಕ್ಕೆ ವಿರುದ್ಧವೆಂದು ಹೇಳಿ ಕೈ ತೊಳೆದುಕೊಳ್ಳುವುದು ಸುಲಭ. ಹೋರಿಯ ಬೀಜ ಒಡೆಸಿ ನೊಗಕ್ಕೆ ಹೂಡಿದವನ, ಹಾಲಿನಾಸೆಗೆ ಪರದೇಶದ ತಳಿಯಿಂದ ಆಕಳಿಗೆ ಕೃತಕ ಗರ್ಭಧಾರಣೆ ಮಾಡಿಸಿದವನ ಬಾಯಲ್ಲಿ ಆ ಮಾತು ಶೋಭಿಸದು. ಮೈಗೂದಲು ಮೊಟಕಾಗಿ ಬಿಸಿಲು ತಾಳುವ ಗುಣವು ಕೆರೀಬಿಯನ್ ದ್ವೀಪಗಳ ಕೆಲವು ದನಗಳಿಗೆ ಹುಟ್ಟಿನಿಂದಲೇ ಉಂಟು. ವಂಶವಾಹಿಯನ್ನು ತಿದ್ದಿ ಅದೇ ಗುಣವನ್ನು ಮೂಡಿಸಿದ ದನಗಳಿಂದ ಅಪಾಯವು ಅಲ್ಪವೆಂದು ಅಮೆರಿಕದ ಆಹಾರ ಮತ್ತು ಔಷಧ ಇಲಾಖೆಯು 2022ರಲ್ಲಿ ನಿರ್ಣಯಿಸಿತು. ರಾಯಚೂರು ಸೀಮೆಯ ಬೇಸಿಗೆಯಲ್ಲಿ ತೇಕುವ ಮಿಶ್ರತಳಿಯ ಆಕಳಿಗೆ ಆ ಗುಣ ದೊರೆತರೆ ಉಪಕಾರವೇ ಸರಿ. ಆದರೆ ಅದೇ ನೆಪದಿಂದ ಒಡೆಯನು ನೆರಳಿನ ಚಪ್ಪರವನ್ನೂ ಬಾನಿಯ ನೀರನ್ನೂ ಕಡಮೆ ಮಾಡಿದನಾದರೆ, ತಿದ್ದಿದುದು ಪಶುವಿನ ಸುಖಕ್ಕಲ್ಲ, ಅವನ ಸೋಮಾರಿತನಕ್ಕೆ.

ಇದಕ್ಕಿಂತ ಬಿಗಿಯಾದ ಗಂಟು ಇನ್ನೊಂದಿದೆ. 2022ರ ಜನವರಿಯಲ್ಲಿ ಅಮೆರಿಕದ ಮೇರಿಲ್ಯಾಂಡಿನಲ್ಲಿ, ಹತ್ತು ವಂಶವಾಹಿಗಳನ್ನು ತಿದ್ದಿದ ಹಂದಿಯ ಹೃದಯವನ್ನು ವೈದ್ಯರು ರೋಗಿಯೊಬ್ಬನಿಗೆ ಜೋಡಿಸಿದರು. ಅವನು ಎರಡು ತಿಂಗಳು ಬದುಕಿದನು. ಮಾಂಸವನ್ನು ಮುಟ್ಟದ ಮನೆಯ ಯಜಮಾನನು, ತನ್ನ ಮಗುವಿಗೇ ಅಂಥ ಹೃದಯ ಬೇಕಾದಾಗ ಏನೆನ್ನುವನು? ಬೇಕೆಂದರೆ ಭ್ರಷ್ಟನೆನ್ನಲಾಗದು, ಬೇಡವೆಂದರೆ ಮೂಢನೆನ್ನಲಾಗದು. ಹಂದಿಯೆಂಬ ಹೇಸಿಗೆಯೊಂದರಿಂದಲೇ ಬೇಡವೆಂದರೆ ಮಾತ್ರ ಅದು ದಯೆಯಲ್ಲ, ಶರಣರು ನಿರಾಕರಿಸಿದ ಸೂತಕಗಳ ಸಾಲಿಗೇ ಸೇರತಕ್ಕದ್ದು. ಕೊಲ್ಲಲೆಂದೇ ರೂಪಿಸಿದ ಜೀವವೊಂದು ತನ್ನ ಮನೆಯ ದೀಪಕ್ಕೆ ಎಣ್ಣೆಯಾಗುವುದನ್ನು ಎದೆಯು ಒಪ್ಪದೆ ಬೇಡವೆಂದರೆ ಆ ಮಾತಿಗೆ ತೂಕವುಂಟು. ಬೇಕೆಂದು ಒಪ್ಪಿದವನಿಗೂ, ಆ ಪ್ರಾಣಿಯನ್ನು ಎಂಥ ಕೊಟ್ಟಿಗೆಯಲ್ಲಿ ಸಾಕಿದರು, ಹೇಗೆ ಕೊಂದರು ಎಂದು ವೈದ್ಯನನ್ನು ಕೇಳುವ ಹೊಣೆಯು ಉಳಿದೇ ಇರುತ್ತದೆ.