ಹಗ್ಗದ ಇನ್ನೊಂದು ತುದಿ

1948ರ ಕಾರ್ಖಾನೆ ಕಾಯ್ದೆಯ 36ನೇ ಕಲಮಿನಲ್ಲಿ ಒಂದು ವಾಕ್ಯವಿದೆ. ಟ್ಯಾಂಕು, ಗುಂಡಿ, ಹೊಗೆ ಕೊಳವೆಯಂಥ, ಕೆಟ್ಟ ಗಾಳಿ ತುಂಬಿರಬಹುದಾದ ಇಕ್ಕಟ್ಟಿನ ಜಾಗಕ್ಕೆ ಇಳಿಯುವ ಮನುಷ್ಯನ ಕುರಿತು ಅದು ಮಾತಾಡುತ್ತದೆ. ಒಳಗೆ ಅಪಾಯದ ಅನಿಲವಿಲ್ಲವೆಂದು ಅರ್ಹನೊಬ್ಬ ತಾನೇ ಪರೀಕ್ಷಿಸಿ ಬರೆದುಕೊಟ್ಟಿರಬೇಕು. ಇಲ್ಲದಿದ್ದರೆ ಇಳಿಯುವವನು ಉಸಿರಾಟದ ಸಾಧನ ಧರಿಸಿರಬೇಕು, ಬೆಲ್ಟು ಕಟ್ಟಿಕೊಂಡಿರಬೇಕು, ಬೆಲ್ಟಿಗೆ ಹಗ್ಗ ಭದ್ರವಾಗಿ ಬಿಗಿದಿರಬೇಕು, ಮತ್ತು ಆ ಹಗ್ಗದ ಬಿಡಿ ತುದಿಯನ್ನು ಹೊರಗೆ ನಿಂತ ಒಬ್ಬ ವ್ಯಕ್ತಿ ಹಿಡಿದಿರಬೇಕು.

ಕಾನೂನಿನ ಭಾಷೆ ಒಣಗಿದ ಭಾಷೆ. ಆದರೆ ಈ ವಾಕ್ಯದಲ್ಲಿ ನನಗೆ ಇಬ್ಬರು ಮನುಷ್ಯರು ಕಾಣುತ್ತಾರೆ. ಹಗ್ಗವನ್ನು ಕಂಬಕ್ಕೆ ಕಟ್ಟಿದರೂ ನಡೆದೀತು ಎಂದು ಬರೆದವರು ಹೇಳಲಿಲ್ಲ. ಹಿಡಿದವನು ಒಬ್ಬ ವ್ಯಕ್ತಿಯೇ ಆಗಿರಬೇಕು. ಎತ್ತರದಲ್ಲೂ ಆಳದಲ್ಲೂ ಹಗ್ಗ ನಂಬಿ ಕೆಲಸ ಮಾಡುವವರ ಸುರಕ್ಷತೆಯ ಬಗ್ಗೆ ಯೋಚಿಸುವಾಗ ನಾವು ಸಾಮಾನ್ಯವಾಗಿ ಮೊದಲನೆಯವನನ್ನು, ಏರುವವನನ್ನು ಅಥವಾ ಇಳಿಯುವವನನ್ನು ನೋಡುತ್ತೇವೆ. ಅವನ ಧೈರ್ಯ, ಅವನ ಚಾಕಚಕ್ಯತೆ, ಅವನ ಅಜಾಗರೂಕತೆ. ಎರಡನೆಯವನು ಎಲ್ಲಿದ್ದಾನೆ ಎಂದು ಕೇಳುವುದಿಲ್ಲ.

ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡ ಈ ಐದು ತಾಲ್ಲೂಕುಗಳಲ್ಲಿ ಈ ಪ್ರಶ್ನೆ ಪುಸ್ತಕದ ಪ್ರಶ್ನೆಯಲ್ಲ. ಕೃಷ್ಣೆ, ದೂಧಗಂಗಾ, ವೇದಗಂಗಾ ನೀರುಣಿಸುವ ಈ ನೆಲ ಕಬ್ಬಿನದು. ಉಗಾರ ಖುರ್ದದಲ್ಲಿ 1939ರಷ್ಟು ಹಿಂದೆಯೇ ಸಕ್ಕರೆ ಕಂಪನಿ ಹುಟ್ಟಿತು. ಆಮೇಲೆ ಸಹಕಾರಿ, ಖಾಸಗಿ ಎಂದು ಒಂದರ ಹಿಂದೆ ಒಂದು ಕಾರ್ಖಾನೆ ಎದ್ದವು. ಯಾವ ರಸ್ತೆಯಲ್ಲಿ ಹೋದರೂ ಎಲ್ಲೋ ಒಂದು ಚಿಮಣಿ ಕಾಣುತ್ತದೆ. ಚಳಿಗಾಲದಲ್ಲಿ ಕಬ್ಬು ನುರಿಸುವ ಹಂಗಾಮು. ಅದು ಮುಗಿದು ಬೇಸಿಗೆ ಬಿದ್ದಾಗ ಕಾರ್ಖಾನೆ ತಣ್ಣಗಾಗುತ್ತದೆ, ಆಗ ಬೇರೆಯದೇ ಕೆಲಸ ಶುರುವಾಗುತ್ತದೆ: ಚಿಮಣಿಗೆ ಬಣ್ಣ, ತುಕ್ಕು ಕೆರೆಯುವುದು, ಶೆಡ್ಡಿನ ಮೇಲಿನ ತಗಡು ಬದಲಿಸುವುದು, ರಸ ಕುದಿಸುವ ಪಾತ್ರೆಗಳ ಒಳಗೋಡೆ ತಿಕ್ಕುವುದು, ಕಾಕಂಬಿ ಟ್ಯಾಂಕು ತೊಳೆಯುವುದು. ಕಬ್ಬು ಕಡಿಯುವವರ ಬಗ್ಗೆ ನಮ್ಮಲ್ಲಿ ಅಷ್ಟಿಷ್ಟು ಬರವಣಿಗೆ ಬಂದಿದೆ. ಈ ಬೇಸಿಗೆ ಕೆಲಸದವರ ಬಗ್ಗೆ ಕಡಿಮೆ. ಅವರು ದೂರದಿಂದ ಒಂದು ಚುಕ್ಕೆಯಷ್ಟೇ ಕಾಣುತ್ತಾರೆ ಎಂಬುದೂ ಅದಕ್ಕೆ ಕಾರಣವಿರಬಹುದು.

ಹಾಗೆ ನೋಡಿದರೆ ಈ ಸೀಮೆಯ ಜನಕ್ಕೆ ಹಗ್ಗದ ವಿದ್ಯೆ ಹೊಸದಲ್ಲ. ಪುಂಡಿ ನಾರು ಕೊಳೆಹಾಕಿ, ಬಡಿದು, ಹುರಿಗೊಳಿಸಿ ಹಗ್ಗ ಹೊಸೆದವರು. ಎತ್ತು ಹೂಡಿ ಮೊಟ್ಟೆ ಹೊಡೆಯುವ ಕಾಲದಲ್ಲಿ ಚರ್ಮದ ಮಿಣಿಯ ಸವೆತವನ್ನು ಬೆರಳಿನಲ್ಲೇ ಓದಿದವರು. ಇಂದಿಗೂ ಬಾವಿ ತೋಡುವ ಕಡೆ ಹೋಗಿ ನೋಡಿ. ಕಟ್ಟೆಯ ಮೇಲೆ ಡೀಸೆಲ್ ಎಂಜಿನ್ನಿನ ಕ್ರೇನು, ಅದರ ತಂತಿ ಹಗ್ಗಕ್ಕೆ ತೂಗಿದ ದೊಡ್ಡ ಬುಟ್ಟಿ. ಕಲ್ಲು ಮಣ್ಣು ಮೇಲೆ ಬರುವುದೂ ಅದರಲ್ಲೇ, ಮನುಷ್ಯರು ಇಳಿಯುವುದೂ ಏರುವುದೂ ಅದರಲ್ಲೇ. ಲಿವರ್ ಹಿಡಿದವನಿಗೆ ಬಾವಿಯ ತಳ ಕಾಣುವುದಿಲ್ಲ. ಕೆಳಗಿನವನ ಕೂಗು, ಕಟ್ಟೆಯಂಚಿಗೆ ನಿಂತವನ ಕೈಸನ್ನೆ, ಅಷ್ಟೇ ಅವರ ನಡುವಿನ ಒಪ್ಪಂದ. ಅಲ್ಲಿ ಎರಡನೆಯವನು ಇದ್ದಾನೆ. ಆದರೆ ಎರಡನೆಯ ಹಗ್ಗ ಇಲ್ಲ.

‘ಬೆಲ್ಟ್ ಹಾಕ್ಕೊಳ್ರಿ’ ಎಂದರೆ ಬರುವ ಉತ್ತರ ಈ ಭಾಗದಲ್ಲಿ ಎಲ್ಲರೂ ಕೇಳಿರುವಂಥದ್ದು: ‘ಏನೂ ಆಗಂಗಿಲ್ರಿ, ಇಪ್ಪತ್ತು ವರ್ಷ ಆತು ಏರಾಕತ್ತು.’ ಇದನ್ನು ಮೂರ್ಖತನವೆಂದು ತಳ್ಳಿಹಾಕುವುದು ಸುಲಭ, ಆದರೆ ತಪ್ಪು. ಇಪ್ಪತ್ತು ವರ್ಷ ಬೀಳದೆ ಏರಿದವನ ಮೈಗೆ ಗೊತ್ತಿರುವುದು ಯಾವ ಕೈಪಿಡಿಯಲ್ಲೂ ಇಲ್ಲ. ಅವನ ಮಾತಿನಲ್ಲಿ ಸ್ವಾಭಿಮಾನವೂ ಇದೆ. ನನ್ನ ಜೀವ, ನನ್ನ ಕಸುಬು, ನಡುವೆ ನೀನ್ಯಾರು ಎಂಬ ಪ್ರಶ್ನೆ ಅದರೊಳಗೆ ಕೂತಿದೆ. ನೀತಿಶಾಸ್ತ್ರ ಓದಿದವರಿಗೆ ಇದು ಪರಿಚಿತ ಪ್ರಶ್ನೆ. ತನ್ನ ಮೇಲೆ ತಾನೇ ತಂದುಕೊಳ್ಳುವ ಅಪಾಯದಿಂದ ಒಬ್ಬನನ್ನು ತಡೆಯುವ ಹಕ್ಕು ಇನ್ನೊಬ್ಬರಿಗಿದೆಯೆ?

ಜಾನ್ ಸ್ಟುವರ್ಟ್ ಮಿಲ್ 1859ರಲ್ಲಿ ಪ್ರಕಟಿಸಿದ ಸ್ವಾತಂತ್ರ್ಯದ ಕುರಿತ ಪುಸ್ತಕದಲ್ಲಿ ಒಂದು ಸೇತುವೆಯ ಉದಾಹರಣೆ ಕೊಡುತ್ತಾನೆ. ಕುಸಿಯಲಿರುವ ಸೇತುವೆಯ ಮೇಲೆ ಒಬ್ಬ ಕಾಲಿಡುತ್ತಿದ್ದಾನೆ, ಎಚ್ಚರಿಸಲು ಸಮಯವಿಲ್ಲ ಎಂದಾದರೆ ಅವನನ್ನು ಹಿಡಿದು ಹಿಂದೆ ಎಳೆಯಬಹುದು; ಅದರಿಂದ ಅವನ ಸ್ವಾತಂತ್ರ್ಯಕ್ಕೆ ಧಕ್ಕೆಯಿಲ್ಲ, ಏಕೆಂದರೆ ಹೊಳೆಗೆ ಬೀಳಬೇಕೆಂಬುದು ಅವನ ಇಚ್ಛೆಯಲ್ಲ. ಆದರೆ ಅಪಾಯ ಖಚಿತವಲ್ಲ, ಬರೀ ಸಂಭವವಷ್ಟೇ ಎಂದಾದರೆ ಎಚ್ಚರಿಸಿ ಬಿಡಬೇಕು, ದಾಟುವುದು ಬಿಡುವುದು ಅವನಿಗೆ ಸೇರಿದ್ದು. ಈ ತರ್ಕದ ಪ್ರಕಾರ ಚಿಮಣಿಗೆ ಏರುವವನನ್ನು ನಾವು ಬಿಡಬೇಕು. ಅವನಿಗೆ ಅಪಾಯ ಗೊತ್ತು, ನಮಗಿಂತ ಚೆನ್ನಾಗಿ ಗೊತ್ತು.

ಮಿಲ್‌ನ ದಾರಿಹೋಕ ಯಾರ ಕೆಲಸಕ್ಕಾಗಿ ಸೇತುವೆ ದಾಟುತ್ತಿದ್ದ? ಉದಾಹರಣೆಯಲ್ಲಿ ಅದಿಲ್ಲ. ನಮ್ಮವನು ದಾಟುತ್ತಿರುವುದು ಗುತ್ತೇದಾರನ ಕೆಲಸಕ್ಕೆ. ಇಡೀ ಕೆಲಸಕ್ಕೆ ಇಷ್ಟು ಎಂದು ಗುತ್ತಿಗೆ ಮಾತಾಡಿದಾಗ ಎರಡನೇ ಹಗ್ಗ ಕಟ್ಟಲು ಹಿಡಿಯುವ ಅರ್ಧ ದಿನ ಅವನದೇ ಪಗಾರದಿಂದ ಕಳೆದುಹೋಗುತ್ತದೆ. ಮಳೆಗಾಲ ಬರುವುದರೊಳಗೆ ಮುಗಿಯಬೇಕು. ಅವನು ಒಲ್ಲೆ ಎಂದರೆ ಏರಲು ಇನ್ನೊಬ್ಬ ಕಾದಿದ್ದಾನೆ. ಇಂಥಲ್ಲಿ ‘ಅವನೇ ಒಪ್ಪಿ ಏರಿದ’ ಎಂಬುದು ನಿಜ, ಆದರೆ ಅರ್ಧ ನಿಜ. ಅವನ ಒಪ್ಪಿಗೆಗೆ ಬೆಲೆ ಕೊಡಬೇಕೆಂದರೆ ಅವನ ನಿರಾಕರಣೆಗೂ ಬೆಲೆ ಇರಬೇಕಲ್ಲ. ಇನ್ನೊಂದು ವಿಚಿತ್ರ ನೋಡಿ: ಅವನ ಧೈರ್ಯವನ್ನು ಅತಿ ಹೆಚ್ಚು ಹೊಗಳುವವರು ಕೆಳಗೆ ನೆರಳಲ್ಲಿ ನಿಂತವರು. ಹೊಗಳಿಕೆಗೆ ಖರ್ಚಿಲ್ಲ.

ಹಗ್ಗದ ಮೇಲೆ ತೂಗಿ ಕೆಲಸ ಮಾಡುವುದು ಇಂದು ಜಗತ್ತಿನಾದ್ಯಂತ ಒಂದು ವ್ಯವಸ್ಥಿತ ಉದ್ಯಮ. ಗುಹೆ ಇಳಿಯುವವರ, ಬಂಡೆ ಹತ್ತುವವರ ಕೌಶಲಗಳು 1980ರ ದಶಕದಲ್ಲಿ ಉತ್ತರ ಸಮುದ್ರದ ತೈಲ ವೇದಿಕೆಗಳ ದುರಸ್ತಿಗೆ ಬಂದವು. ಆ ದಶಕದ ಕೊನೆಗೆ ಬ್ರಿಟನ್ನಿನಲ್ಲಿ ಇರಾಟಾ ಎಂಬ ಸಂಘ ಹುಟ್ಟಿ ನಿಯಮ ರೂಪಿಸಿತು. ನಿಯಮಗಳ ತಿರುಳು ಒಂದೇ: ಮನುಷ್ಯ ಎಂದಿಗೂ ಒಂದೇ ಹಗ್ಗದ ಮೇಲೆ ಇರಕೂಡದು. ಒಂದು ಕೆಲಸದ ಹಗ್ಗ, ಅದರ ಮೇಲೆ ಅವನ ಭಾರ. ಪಕ್ಕದಲ್ಲಿ ರಕ್ಷಣೆಯ ಹಗ್ಗ, ಅದರಗುಂಟ ಒಂದು ಚಿಕ್ಕ ಸಾಧನ ಅವನ ಜೊತೆ ಸರಿಯುತ್ತಿರುತ್ತದೆ, ಹಠಾತ್ತನೆ ಜಾರಿದರೆ ಕಚ್ಚಿಕೊಳ್ಳುತ್ತದೆ. ಎರಡೂ ಹಗ್ಗಗಳಿಗೆ ಬೇರೆಬೇರೆ ಆಧಾರ. ಒಂದು ಕೊಂಡಿ ಕಳಚಿದರೆ ಎರಡೂ ಬೀಳುವಂತಿದ್ದರೆ ಅವು ಎರಡಲ್ಲ, ಒಂದೇ.

ಇದರಲ್ಲಿ ಒಂದು ಅಪನಂಬಿಕೆ ಇದೆಯಲ್ಲವೆ ಎಂದು ಹಳೆಯ ಕಸುಬುದಾರ ಕೇಳಬಹುದು. ನಾನು ಕಟ್ಟಿದ ಗಂಟನ್ನು ನಂಬುವುದಿಲ್ಲವೆ? ಇಪ್ಪತ್ತು ವರ್ಷದ ಜೊತೆಗಾರ ಹಿಡಿದ ಹಗ್ಗವನ್ನು ನಂಬುವುದಿಲ್ಲವೆ? ಪ್ರಶ್ನೆ ಗಟ್ಟಿಯಾದದ್ದೇ. ನಮ್ಮ ಬದುಕಿನಲ್ಲಿ ನಂಬಿಕೆ ಎಂದರೆ ಪರೀಕ್ಷೆಯಿಲ್ಲದೆ ಒಪ್ಪಿಸಿಕೊಳ್ಳುವುದು. ಸಾಲದ ಪತ್ರ ಬರೆಸಿಕೊಂಡ ಅಣ್ಣನ ಮೇಲೆ ತಮ್ಮನಿಗೆ ಸಿಟ್ಟು ಬರುತ್ತದೆ. ಆದರೆ ಎರಡನೆಯ ಹಗ್ಗ ಅಪನಂಬಿಕೆಯ ಪತ್ರವಲ್ಲ ಎಂದು ನನಗನ್ನಿಸುತ್ತದೆ. ಒಂದೇ ಹಗ್ಗವಿದ್ದಾಗ ಮೇಲೆ ನಿಂತವನು ಎಂದೂ ತಪ್ಪು ಮಾಡಬಾರದು. ಅವನಿಗೆ ಜ್ವರ ಬರಬಾರದು, ನಿದ್ದೆ ಕೆಡಬಾರದು, ಮನೆಯ ಚಿಂತೆ ಇರಬಾರದು. ಮನುಷ್ಯನಿಂದ ಅಷ್ಟನ್ನು ಬೇಡುವುದು ಕ್ರೌರ್ಯ. ಗೆಳೆಯನ ಜೀವ ತನ್ನ ಒಂದು ಕ್ಷಣದ ಮರೆವಿನ ಮೇಲೆ ನಿಂತಿಲ್ಲ ಎಂಬ ನೆಮ್ಮದಿ ಹಿಡಿದವನಿಗೂ ಬೇಕು.

ಉಪಕರಣಗಳ ವಿಷಯದಲ್ಲಿ ಮಾತ್ರ ನಂಬಿಕೆಯ ಮಾತೇ ಬೇಡ. ಇಂದಿನ ಹಗ್ಗದಲ್ಲಿ ಒಳಗೆ ತಿರುಳು, ಹೊರಗೆ ನೇಯ್ದ ಕವಚ. ಯೂರೋಪಿನ ಮಾನದಂಡದ ಪ್ರಕಾರ ಇಂಥ ಹಗ್ಗದ ಮೇಲ್ದರ್ಜೆಯದು ಕನಿಷ್ಠ 22 ಕಿಲೋನ್ಯೂಟನ್, ಅಂದರೆ ಸುಮಾರು 2,200 ಕಿಲೋ ತೂಕದಷ್ಟು ಎಳೆತ ತಾಳಬೇಕು. ಆದರೆ ಅದು ಹೊಸ ಹಗ್ಗದ ಮಾತು. ಕಾಂಕ್ರೀಟಿನ ಚೂಪು ಅಂಚಿಗೆ ಉಜ್ಜಿದರೆ, ಬಿಸಿಲಲ್ಲಿ ವರ್ಷಗಟ್ಟಲೆ ಬಿದ್ದರೆ ಆ ಲೆಕ್ಕ ಉಳಿಯುವುದಿಲ್ಲ. ನೈಲಾನಿಗೆ ಆಮ್ಲ ಆಗದು, ಪಾಲಿಯೆಸ್ಟರಿಗೆ ತೀವ್ರ ಕ್ಷಾರ ಆಗದು. ಸಕ್ಕರೆ ಕಾರ್ಖಾನೆಯಲ್ಲಿ ಪಾತ್ರೆ ತೊಳೆಯುವ ಕಾಸ್ಟಿಕ್ ಸೋಡಾ ಅಂಥ ಕ್ಷಾರ. ಚೆಲ್ಲಿದ್ದು ಒಣಗಿದ ಮೇಲೆ ಕಣ್ಣಿಗೆ ಏನೂ ಕಾಣದೆ ಹೋಗಬಹುದು. ಪುಂಡಿ ಹಗ್ಗ ಸೋಲುವ ಮೊದಲು ನೂಲು ನೂಲಾಗಿ ಬಿಚ್ಚಿ ಹೇಳುತ್ತಿತ್ತು, ಇದು ಹೇಳದೆಯೂ ಸೋಲಬಲ್ಲದು. ಆದ್ದರಿಂದಲೇ ಪ್ರತಿ ಹಗ್ಗಕ್ಕೆ ಗುರುತು, ಯಾವಾಗ ಬಂತು, ಎಲ್ಲಿ ಬಳಸಿತು, ಯಾರು ನೋಡಿದರು ಎಂಬ ದಾಖಲೆ. ಸೊಂಟಕ್ಕಷ್ಟೇ ಕಟ್ಟುವ ಬೆಲ್ಟಿನ ಬಗ್ಗೆಯೂ ಒಂದು ಮಾತು: ಬಿದ್ದಾಗ ಏಟೆಲ್ಲ ಹೊಟ್ಟೆಗೂ ಬೆನ್ನಿಗೂ. ತೊಡೆ, ಎದೆ, ಭುಜಕ್ಕೆ ಹಂಚುವ ಪೂರ್ತಿ ಮೈಯ ಹಾರ್ನೆಸ್ ಬಂದದ್ದು ಅದಕ್ಕೇ.

ಹಾರ್ನೆಸ್ ಹಿಡಿಯಿತು, ಅವನು ಬೀಳಲಿಲ್ಲ. ಕತೆ ಅಲ್ಲಿಗೆ ಮುಗಿಯಿತೆಂದು ಬಹಳ ಜನ ಅಂದುಕೊಂಡಿದ್ದಾರೆ. ಮುಗಿಯುವುದಿಲ್ಲ. ಅಲುಗಾಡದೆ ಹಾರ್ನೆಸ್ಸಿನಲ್ಲಿ ತೂಗುವ ಮನುಷ್ಯನ ರಕ್ತ ಕಾಲಿಗೆ ಇಳಿಯುತ್ತದೆ, ಕೆಲವೇ ನಿಮಿಷಗಳಲ್ಲಿ ಪ್ರಜ್ಞೆ ತಪ್ಪಬಹುದು, ಪ್ರಾಣಕ್ಕೂ ಕುತ್ತು ಬರಬಹುದು. ಅವನನ್ನು ಇಳಿಸಬಲ್ಲವನು ಅಲ್ಲೇ, ಆಗಲೇ ಇರಬೇಕು. ಫೋನು ಮಾಡಿ ಕರೆಸುವ ನೆರವು ಇದಕ್ಕೆ ಒದಗದು. 2017ರ ಏಪ್ರಿಲ್‌ನಲ್ಲಿ ಅಥಣಿ ತಾಲ್ಲೂಕಿನ ಝುಂಜರವಾಡದಲ್ಲಿ ತೆರೆದ ಕೊಳವೆಬಾವಿಗೆ ಮಗು ಬಿದ್ದಾಗ ದೊಡ್ಡ ಯಂತ್ರಗಳು ಬಂದವು, ಎನ್‌ಡಿಆರ್‌ಎಫ್ ಬಂತು, ಎರಡು ದಿನ ರಾತ್ರಿ ಹಗಲು ಪ್ರಯತ್ನ ನಡೆಯಿತು, ಮಗು ಉಳಿಯಲಿಲ್ಲ. ಮುಚ್ಚಳವಿಲ್ಲದ ಆ ಬಾವಿಗೂ ಚಿಮಣಿಗೂ ಹೋಲಿಕೆ ಪೂರ್ತಿ ಕೂಡುವುದಿಲ್ಲ. ಆದರೆ ಅಪಾಯ ನಿಮಿಷಗಳದ್ದು, ನೆರವು ಗಂಟೆಗಳದ್ದು ಎಂಬ ಅಂತರ ಎರಡಕ್ಕೂ ಒಂದೇ.

ಬಾವಿ, ಟ್ಯಾಂಕುಗಳಲ್ಲಿ ಈ ಅಂತರ ಇನ್ನೂ ಭೀಕರವಾಗುತ್ತದೆ. ಕಾಕಂಬಿ ಹುಳಿತರೆ ಇಂಗಾಲದ ಡೈಆಕ್ಸೈಡ್ ಹುಟ್ಟುತ್ತದೆ. ಅದು ಗಾಳಿಗಿಂತ ಭಾರ, ತಳದಲ್ಲಿ ಕೂರುತ್ತದೆ, ಬಣ್ಣವಿಲ್ಲ. ಇಳಿದವನು ಕುಸಿದಾಗ ಮೇಲಿದ್ದವನು ಅಯ್ಯೋ ಎಂದು ಹಿಂದೆಯೇ ಇಳಿಯುತ್ತಾನೆ. ಅಣ್ಣನ ಹಿಂದೆ ತಮ್ಮ, ಅವನ ಹಿಂದೆ ನೆರೆಯವ. ಇಂಥ ಸುದ್ದಿ ಓದಿದಾಗಲೆಲ್ಲ ಮಿಲ್‌ನ ಲೆಕ್ಕ ನನಗೆ ಸಾಲದಾಗುತ್ತದೆ. ತನ್ನ ಜೀವ ತನ್ನದು ಎಂದು ಇಳಿದವನ ಹಿಂದೆ ಇಳಿಯಲು ಯಾರೋ ಒಬ್ಬರು ಇದ್ದೇ ಇರುತ್ತಾರೆ, ಅವರು ಲೆಕ್ಕ ಹಾಕುವವರಲ್ಲ. ಹಾಗೆ ಧುಮುಕುವ ಪ್ರೀತಿಯನ್ನು ದೂಷಿಸಲು ನನಗೆ ಮನಸ್ಸು ಬಾರದು. ಆದರೆ 36ನೇ ಕಲಮು ಕೇಳಿದ ಹಗ್ಗ ಇಳಿದವನ ಬೆಲ್ಟಿಗೆ ಇದ್ದಿದ್ದರೆ ಆ ತಮ್ಮ ಧುಮುಕಬೇಕಿರಲಿಲ್ಲ, ಎಳೆದರೆ ಸಾಕಿತ್ತು.

ಇದಕ್ಕೆ ತರಬೇತಿ ಬೇಕು, ತರಬೇತಿಗೆ ದುಡ್ಡು ಬೇಕು. ಇಲ್ಲೊಂದು ಕಸಿವಿಸಿಯೂ ಇದೆ. ಇರಾಟಾ ಪದ್ಧತಿಯಲ್ಲಿ ಮೂರು ಹಂತ. ಒಂದರಿಂದ ಇನ್ನೊಂದಕ್ಕೆ ಏರಲು ಕನಿಷ್ಠ ಒಂದು ವರ್ಷ, ಹಗ್ಗದ ಮೇಲೆ 1,000 ಗಂಟೆ, ಎಲ್ಲವೂ ಸ್ವಂತ ಪುಸ್ತಕದಲ್ಲಿ ದಾಖಲಾಗಿರಬೇಕು. ಮೂರು ವರ್ಷಕ್ಕೊಮ್ಮೆ ಮತ್ತೆ ಪರೀಕ್ಷೆ. ಇಂಥ ಪ್ರಮಾಣಪತ್ರವನ್ನೇ ಕಡ್ಡಾಯ ಮಾಡಿದರೆ ಕಾಗವಾಡದ, ರಾಯಬಾಗದ ಬಣ್ಣ ಬಳಿಯುವವನ ಕೆಲಸ ಮುಂಬೈಯ ಕಂಪನಿಗೆ ಹೋಗುತ್ತದೆ. ಅವನ ಜೀವ ಉಳಿಯುತ್ತದೆ, ಪಗಾರ ಉಳಿಯುವುದಿಲ್ಲ. ಸುರಕ್ಷತೆಯ ಹೆಸರಿನಲ್ಲಿ ಬಡವನನ್ನು ಕಸುಬಿನಿಂದ ಹೊರಗೆ ಹಾಕುವುದು ನ್ಯಾಯವಲ್ಲ. ಹಾಗಾಗಿ ಕಲಿಸುವ ಖರ್ಚು ಕೆಲಸ ಮಾಡಿಸಿಕೊಳ್ಳುವವರದ್ದಾಗಬೇಕು, ಕಲಿಸುವ ಭಾಷೆ ಇಲ್ಲಿಯ ಕನ್ನಡ, ಮರಾಠಿ ಆಗಬೇಕು. ಹಂಗಾಮಿಗೊಂದು ಸಲ ಯಂತ್ರಗಳಿಗೆ ಎಣ್ಣೆ ಹಾಕುವ ಕಾರ್ಖಾನೆಗೆ ಇದು ಅಸಾಧ್ಯದ ಮಾತಲ್ಲ.

ಆ ಪದ್ಧತಿಯಲ್ಲಿ ನನಗೆ ಹಿಡಿಸಿದ ಎರಡು ಸಂಗತಿಗಳಿವೆ. ಒಂದು, ಕಲಿಸಿದ ಗುರುವೇ ಪಾಸು ಮಾಡುವಂತಿಲ್ಲ, ಪರೀಕ್ಷಿಸಲು ಹೊರಗಿನವರು ಬರಬೇಕು. ಗುರುವಿನ ಅಭಿಮಾನವೂ ಮುಕಾದಮನ ಅವಸರವೂ ಅಲ್ಲಿ ನಡೆಯುವುದಿಲ್ಲ. ಇನ್ನೊಂದು, ಮೊದಲ ಹಂತದ ಹುಡುಗನೂ ತಾನು ಇಳಿಯುವುದನ್ನು ಕಲಿತರೆ ಸಾಲದು. ಸಾಧನದಲ್ಲಿ ಸಿಕ್ಕಿ ಮೈಬಿಟ್ಟು ತೂಗುತ್ತಿರುವ ಸಹಪಾಠಿಯ ಬಳಿ ಹೋಗಿ, ಅವನ ಭಾರವನ್ನು ತನ್ನ ಹಾರ್ನೆಸ್ಸಿಗೆ ಸಿಕ್ಕಿಸಿಕೊಂಡು, ಇಬ್ಬರೂ ಒಟ್ಟಿಗೆ ನೆಲ ಮುಟ್ಟುವಂತೆ ಇಳಿಸಿ ತೋರಿಸಬೇಕು. ಒಬ್ಬರ ಸರದಿ ಮುಗಿದ ಮೇಲೆ, ಈಗ ಇಳಿಸಿದವನು ಮೇಲೆ ಹೋಗಿ ಕಣ್ಣು ಮುಚ್ಚಿ ತೂಗುತ್ತಾನೆ.