ಕಾಲಚಕ್ರವೂ ಇಂದಿನ ಕರ್ತವ್ಯವೂ

ನಿತ್ಯವೂ ಸಂಕಲ್ಪ ಮಾಡುವಾಗ ಶ್ವೇತವರಾಹಕಲ್ಪ, ವೈವಸ್ವತ ಮನ್ವಂತರ, ಇಪ್ಪತ್ತೆಂಟನೆಯ ಕಲಿಯುಗ ಎಂದು ನಾವು ಕಾಲವನ್ನು ಹೆಸರಿಸುತ್ತೇವೆ. 43,20,000 ವರ್ಷಗಳಿಗೆ ಒಂದು ಮಹಾಯುಗ. ಅಂತಹ 71 ಮಹಾಯುಗಗಳಿಗೆ ಒಂದು ಮನ್ವಂತರ. ಎಂದರೆ ಈ ಮನ್ವಂತರವೊಂದರಲ್ಲಿಯೇ ಕಲಿಯುಗವು ಈಗಾಗಲೇ 27 ಬಾರಿ ಬಂದು ಹೋಗಿದೆ. ಎಲ್ಲವೂ ಹೀಗೆ ಮರಳಿ ಬರುವುದಾದರೆ ಇಂದಿನ ನಮ್ಮ ಒಂದು ಕಾರ್ಯಕ್ಕೆ ಬೆಲೆಯೇನು? ಈಗ ತಪ್ಪಿದ್ದು ಮುಂದಿನ ಸುತ್ತಿನಲ್ಲಿ ನಡೆದೀತಲ್ಲವೇ? ಎಂಬ ಶಂಕೆ ಏಳುವುದು ಸಹಜ.

ಜರ್ಮನಿಯ ತತ್ತ್ವಜ್ಞ ನೀಷೆಯು 1882ರಲ್ಲಿ ಪ್ರಕಟಿಸಿದ ಗ್ರಂಥವೊಂದರಲ್ಲಿ, ಇದೇ ಬಾಳು ಕಿಂಚಿತ್ತೂ ವ್ಯತ್ಯಾಸವಿಲ್ಲದೆ ಅನಂತ ಬಾರಿ ಮರಳಿದರೆ ಅದನ್ನು ಒಪ್ಪುವೆಯಾ ಎಂದು ಓದುಗನನ್ನು ಕೇಳಿದನು. ನಮ್ಮ ಪುರಾಣಗಳ ಚಕ್ರವು ಅಂತಹುದಲ್ಲ. ಈಗಿನ ಇಂದ್ರನು ಪುರಂದರ. ಮುಂದಿನ ಸಾವರ್ಣಿ ಮನ್ವಂತರದಲ್ಲಿ ಬಲಿಚಕ್ರವರ್ತಿಯು ಇಂದ್ರನಾಗುವನೆಂದು ಭಾಗವತವು ತಿಳಿಸುತ್ತದೆ. ಪೀಠವು ಅದೇ, ಕುಳಿತುಕೊಳ್ಳುವ ಜೀವನು ಬೇರೆ. ಜೀವ ಜೀವರಲ್ಲಿ ಭೇದವು ಸತ್ಯವೆಂದು ಶ್ರೀಮದಾಚಾರ್ಯರು ಸಾರಿದುದನ್ನು ಇಲ್ಲಿ ನೆನೆಯಬೇಕು. ಬಲಿಗಾದರೂ ಆ ಪದವಿಯು ಚಕ್ರವು ತಿರುಗಿದ ಮಾತ್ರಕ್ಕೆ ದೊರೆಯುವುದಲ್ಲ. ಗುರುವಾದ ಶುಕ್ರನೇ ತಡೆದರೂ, ಕೊಟ್ಟ ಮಾತಿಗೆ ತಪ್ಪದೆ ಮೂರು ಹೆಜ್ಜೆಯ ಭೂಮಿಯನ್ನು ಧಾರೆಯೆರೆದು ಅವನು ವಾಮನನ ಅನುಗ್ರಹಕ್ಕೆ ಪಾತ್ರನಾದನು. ನಾಳೆ ನೋಡೋಣವೆಂದಿದ್ದರೆ ವಾಮನನು ಮತ್ತೊಮ್ಮೆ ಅವನ ಯಜ್ಞಶಾಲೆಗೆ ಬರುತ್ತಿದ್ದನೇ?

ದೂರದ ಮನ್ವಂತರಗಳ ಮಾತು ಹಾಗಿರಲಿ. ಪ್ರಭವ ಸಂವತ್ಸರವು 1987ರಲ್ಲಿ ಬಂದಿತ್ತು. 60 ವರ್ಷ ಕಳೆದು 2047ರಲ್ಲಿ ಪುನಃ ಬರುವುದು. ಹೆಸರು ಮರಳುವುದು, ಅಂದು ಮನೆಯ ಜಗುಲಿಯಲ್ಲಿ ಕುಳಿತು ಪಂಚಾಂಗ ಓದಿದ ಹಿರಿಯರು ಮರಳುವರೇ? ತಂದೆಯ ಶ್ರಾದ್ಧತಿಥಿಯು ವರ್ಷಂಪ್ರತಿ ಬರುತ್ತದೆ. ಆಶೌಚದಿಂದ ತಪ್ಪಿದರೆ ಬೇರೆ ದಿನ ಮಾಡಲು ಶಾಸ್ತ್ರವೇ ಅವಕಾಶವಿತ್ತಿದೆ. ಆದರೆ ಅವರು ಬದುಕಿದ್ದಾಗ ಒಂದು ಲೋಟ ನೀರು ಕೇಳಿದ ಸಂಜೆಗೆ ಪುನರಾಗಮನವಿಲ್ಲ. ಅದಕ್ಕೆ ಪರ್ಯಾಯವನ್ನು ಯಾವ ಗ್ರಂಥವೂ ವಿಧಿಸಿಲ್ಲ.

ಕಲಿಕಾಲದಲ್ಲಿ ಇಷ್ಟೇ ಎಂದು ನಿಟ್ಟುಸಿರಿಟ್ಟು, ಕೃತಯುಗವು ತಾನಾಗಿ ಬರಲೆಂದು ಕಾಯುವುದು ಶಾಸ್ತ್ರದ ಅಭಿಪ್ರಾಯವಲ್ಲ. ಸ್ವತಂತ್ರ ಕರ್ತೃವು ಶ್ರೀಹರಿಯೊಬ್ಬನೇ, ನಿಜ. ಆದರೂ ವಿಧಿನಿಷೇಧಗಳು ಹೇಳಿರುವುದು ನಮಗಾಗಿಯೇ. ಕಲ್ಪದಿಂದ ತೊಡಗುವ ಸಂಕಲ್ಪವು ಸಂವತ್ಸರ, ಮಾಸ, ಪಕ್ಷಗಳನ್ನು ದಾಟಿ ಇಂದಿನ ತಿಥಿಗೆ ಇಳಿಯುತ್ತದೆ. ಕೊನೆಗೆ ‘ಕರಿಷ್ಯೇ’ ಎಂಬ ಒಂದೇ ಪದದಲ್ಲಿ ನಿಲ್ಲುತ್ತದೆ. ಅಷ್ಟು ವಿಸ್ತಾರವಾದ ಕಾಲವನ್ನು ಸ್ಮರಿಸುವುದು ಇಂದಿನ ಕರ್ತವ್ಯವನ್ನು ಇಂದೇ ಮಾಡುವುದಕ್ಕಾಗಿ ಎಂಬುದನ್ನು ಆಸ್ತಿಕ ಬಾಂಧವರು ಮನಗಾಣಬೇಕು.

ಶ್ರೀಕೃಷ್ಣಾರ್ಪಣಮಸ್ತು