ಹೆಸರು ಹೊತ್ತ ಹಡಗು

ನಡುಗಡಲಲ್ಲಿರುವ ಯುದ್ಧನೌಕೆಗಳಿಗೆ ಆಹಾರ, ಬಿಡಿಭಾಗ, ಇಂಧನ, ಮದ್ದುಗುಂಡು ತಲುಪಿಸುವ ಹಡಗುಗಳು ಅಮೆರಿಕದ ನೌಕಾಪಡೆಯಲ್ಲಿವೆ. ಅಂಥ ಒಂದು ಹಡಗಿಗೆ, ಕಪ್ಪು ಜನರ ನಾಗರಿಕ ಹಕ್ಕುಗಳಿಗೆ ಹೋರಾಡಿದ ಮೆಡ್ಗರ್ ಎವರ್ಸ್ ಅವರ ಹೆಸರಿಟ್ಟರು. 210 ಮೀಟರ್ ಉದ್ದದ ಆ ಹಡಗಿನ ನಾಮಕರಣ 2011ರ ನವೆಂಬರಿನಲ್ಲಿ ಸ್ಯಾನ್ ಡಿಯಾಗೋದಲ್ಲಿ ನಡೆಯಿತು. ಬಾಟಲಿ ಒಡೆದು ಹೆಸರು ಸಾರಿದವರು ಎವರ್ಸ್ ಅವರ ಪತ್ನಿ ಮರ್ಲಿ. 1963ರ ಜೂನ್ 12ರಂದು, ನಡುರಾತ್ರಿ ಕಳೆದ ಹೊತ್ತಿನಲ್ಲಿ, ಮಿಸಿಸಿಪ್ಪಿ ರಾಜ್ಯದ ಜಾಕ್ಸನ್ ನಗರದ ತಮ್ಮ ಮನೆಯ ಮುಂದೆ ಬೆನ್ನಿಗೆ ಗುಂಡು ತಗುಲಿ ಬಿದ್ದಿದ್ದ ಗಂಡನನ್ನು ಬಾಗಿಲು ತೆರೆದು ಕಂಡವರೂ ಅವರೇ.

ಕೊಂದವನ ಬಂದೂಕು ಸಿಕ್ಕಿತ್ತು. ಅದರ ದೂರದರ್ಶಕದ ಮೇಲೆ ಅವನ ಬೆರಳಚ್ಚೂ ಇತ್ತು. ಆದರೂ 1964ರಲ್ಲಿ ನಡೆದ ಎರಡೂ ವಿಚಾರಣೆಗಳಲ್ಲಿ ಬಿಳಿಯರೇ ತುಂಬಿದ್ದ ಜ್ಯೂರಿ ಒಮ್ಮತಕ್ಕೆ ಬರಲಿಲ್ಲ. ಎರಡನೆಯ ಸಲವಂತೂ ಮಿಸಿಸಿಪ್ಪಿ ಸರ್ಕಾರದ್ದೇ ಒಂದು ಆಯೋಗ, ಜ್ಯೂರಿಗೆ ಬರಬಹುದಾದವರ ಪೂರ್ವಾಪರ ವಿಚಾರಿಸಿ ಆರೋಪಿಯ ವಕೀಲರಿಗೆ ನೆರವಾಗಿತ್ತು. ಶಿಕ್ಷೆಯಾಗಿದ್ದು 1994ರಲ್ಲಿ, ಕೊಲೆ ನಡೆದು ಮೂವತ್ತು ವರ್ಷ ದಾಟಿದ ಮೇಲೆ.

ಬದುಕಿದ್ದಾಗ ಕಾಪಾಡದ, ಸತ್ತ ಮೇಲೂ ನ್ಯಾಯ ಕೊಡಲು ಮೂರು ದಶಕ ತೆಗೆದುಕೊಂಡ ವ್ಯವಸ್ಥೆಗೆ ಆ ಮನುಷ್ಯನ ಹೆಸರನ್ನು ತನ್ನ ಹಡಗಿನ ಮೇಲೆ ಬರೆದುಕೊಳ್ಳುವ ಹಕ್ಕು ಎಲ್ಲಿಂದ ಬಂತು? ಮದ್ದುಗುಂಡು ಹೊರುವ ಹಡಗಿನ ಮೇಲೆ ಬರೆದರೆ ಅದು ಗೌರವವೋ, ಸತ್ತವನನ್ನು ಸದ್ದಿಲ್ಲದೆ ಸೈನ್ಯಕ್ಕೆ ಸೇರಿಸಿಕೊಂಡ ಹಾಗೋ?

ಎವರ್ಸ್ ವಿಷಯದಲ್ಲಿ ಎರಡನೆಯ ಆಕ್ಷೇಪಕ್ಕೆ ಅಷ್ಟು ಬಲವಿಲ್ಲ. ಅವರು ಸೈನಿಕರಾಗಿದ್ದವರು. ಎರಡನೇ ಮಹಾಯುದ್ಧದಲ್ಲಿ ಕಪ್ಪು ಜನರಿಗೆಂದೇ ಬೇರೆ ಮಾಡಿದ್ದ ದಳವೊಂದರಲ್ಲಿ, ನಾರ್ಮಂಡಿಗೆ ಇಳಿದ ಸೈನ್ಯದ ಹಿಂದೆ ಸರಕು ಸಾಗಿಸುವ ಕೆಲಸ ಮಾಡಿದರು. 1946ರಲ್ಲಿ ಊರಿಗೆ ಮರಳಿ ಅಣ್ಣನೊಂದಿಗೆ ಮತ ಹಾಕಲು ಹೋದಾಗ ಆಯುಧ ಹಿಡಿದ ಬಿಳಿಯರ ಗುಂಪು ಅವರನ್ನು ಹಿಮ್ಮೆಟ್ಟಿಸಿತು. ಯುರೋಪಿನ ಸ್ವಾತಂತ್ರ್ಯಕ್ಕೆ ಸರಕು ಹೊತ್ತವನಿಗೆ ಹುಟ್ಟೂರಿನ ಮತಪೆಟ್ಟಿಗೆಯ ಹತ್ತಿರ ಸುಳಿಯಲೂ ಆಗಲಿಲ್ಲ. ಇಂದು ಅವರನ್ನು ಹೂತಿರುವುದು ಆರ್ಲಿಂಗ್ಟನ್ನಿನ ಸೈನಿಕರ ಸ್ಮಶಾನದಲ್ಲಿ. ಸರಕಿನ ಹಡಗು ಅವರ ಬದುಕಿಗೆ ಪರಕೀಯವೇನಲ್ಲ.

ಅದೇ ಹೋರಾಟದ ಇನ್ನೊಬ್ಬ ನಾಯಕ ಜಾನ್ ಲೂಯಿಸ್ ಅವರ ವಿಷಯ ಇದಕ್ಕಿಂತ ಕಠಿಣ. ವಿಯೆಟ್ನಾಂ ಯುದ್ಧದ ಕಾಲದಲ್ಲಿ ಆತ್ಮಸಾಕ್ಷಿಯ ಕಾರಣಕ್ಕೆ ಸೈನ್ಯಸೇವೆ ಒಲ್ಲೆನೆಂದು ಅನುಮತಿ ಪಡೆದವರು ಅವರು. ನೌಕಾಪಡೆಯ ಇಂಧನ ಹಡಗುಗಳ ಹೊಸ ವರ್ಗವೊಂದಕ್ಕೇ ಈಗ ಅವರ ಹೆಸರಿದೆ. 2016ರಲ್ಲಿ ಘೋಷಣೆಯಾದಾಗ ಲೂಯಿಸ್ ಬದುಕಿದ್ದರು, ಬೇಡವೆನ್ನಲಿಲ್ಲ. ಅವರ ಒಪ್ಪಿಗೆಯನ್ನು ನಾನು ಗೌರವಿಸುತ್ತೇನೆ. ಆದರೆ ಆ ಒಪ್ಪಿಗೆಯಿಂದ ಪ್ರಶ್ನೆ ಮುಗಿಯಲಿಲ್ಲ. ಅಹಿಂಸೆಯ ಹೆಸರು ಹೊತ್ತ ಹಡಗಿನ ಇಂಧನ ಯಾವ ದಾಳಿಗೆ ಹೋಗುತ್ತದೆಂದು ಕೇಳುವ ಬಾಧ್ಯತೆ ಉಳಿದವರ ಮೇಲಿದೆ.

ನಮ್ಮ ಮನೆಗಳಲ್ಲಿ ಅಜ್ಜನ ಹೆಸರನ್ನು ಮೊಮ್ಮಗನಿಗೆ ಇಡುತ್ತೇವೆ. ಅದರಿಂದ ಅಜ್ಜನಿಗೆ ಹೊಸದಾಗಿ ಏನೂ ಸೇರುವುದಿಲ್ಲ, ಭಾರವೆಲ್ಲ ಮೊಮ್ಮಗನ ಮೇಲೆ. ಅವನು ತಪ್ಪು ಹೆಜ್ಜೆ ಇಟ್ಟ ದಿನ ಊರಿನವರು ಕೇಳುವುದು ಆ ಹೆಸರನ್ನು ಹಿಡಿದೇ. ಪ್ರಭುತ್ವ ಇಡುವ ಹೆಸರನ್ನೂ ನಾನು ಹೀಗೆಯೇ ನೋಡುತ್ತೇನೆ. ಸತ್ತವರಿಗೆ ಕೊಟ್ಟ ಬಹುಮಾನವೆಂದು ಅದನ್ನು ನೋಡಿದರೆ ಯಾವುದೂ ಅರ್ಥವಾಗುವುದಿಲ್ಲ. ಅದು ಪ್ರಭುತ್ವ ತನ್ನ ಮೇಲೆ ತಾನೇ ಎಲ್ಲರ ಎದುರು ಬರೆದುಕೊಂಡ ಸಾಲಪತ್ರ. ಪತ್ರ ಬರೆದ ಮಾತ್ರಕ್ಕೆ ಸಾಲ ತೀರಲಿಲ್ಲ ನಿಜ. ಆದರೆ ಪತ್ರವಿದ್ದರೆ ಕೇಳುವವರ ಕೈಯಲ್ಲಿ ಒಂದು ಆಧಾರವಿರುತ್ತದೆ.

ಈ ಸಾಲ ಎಷ್ಟು ದೊಡ್ಡದೆಂದು ತಿಳಿಯಲು ಪೋರ್ಟ್ ಶಿಕಾಗೋಕ್ಕೆ ಹೋಗಬೇಕು. ಕ್ಯಾಲಿಫೋರ್ನಿಯಾದ ಈ ಧಕ್ಕೆಯಲ್ಲಿ ಯುದ್ಧಕಾಲದಲ್ಲಿ ಹಡಗುಗಳಿಗೆ ಮದ್ದುಗುಂಡು ತುಂಬುತ್ತಿದ್ದ ನಾವಿಕರೆಲ್ಲ ಕಪ್ಪು ಜನ, ಅವರ ಮೇಲಿನ ಅಧಿಕಾರಿಗಳೆಲ್ಲ ಬಿಳಿಯರು. ಸ್ಫೋಟಕ ಮುಟ್ಟುವವರಿಗೆ ಸಿಗಬೇಕಾದ ತರಬೇತಿ ಅವರಿಗೆ ಸಿಕ್ಕಿರಲಿಲ್ಲ. ಯಾವ ತಂಡ ಬೇಗ ತುಂಬುತ್ತದೆಂದು ಅಧಿಕಾರಿಗಳು ಪೈಪೋಟಿ ಹಚ್ಚುತ್ತಿದ್ದರು. 1944ರ ಜುಲೈ 17ರ ರಾತ್ರಿ ಮದ್ದು ಸಿಡಿದು 320 ಜನ ಸತ್ತರು. ಅವರಲ್ಲಿ 202 ಮಂದಿ ಕಪ್ಪು ಜನ. ಕೆಲವೇ ವಾರಗಳಲ್ಲಿ ಬದುಕುಳಿದವರನ್ನು ಅದೇ ಕೆಲಸಕ್ಕೆ ಕರೆದರು. 258 ಮಂದಿ ಆಗುವುದಿಲ್ಲವೆಂದರು. ಅವರಲ್ಲಿ 50 ಜನರ ಮೇಲೆ ದಂಗೆಯ ಆರೋಪ ಹೊರಿಸಿ, ಸೇನಾ ನ್ಯಾಯಾಲಯ ಎಲ್ಲರಿಗೂ 15 ವರ್ಷಗಳ ಸೆರೆವಾಸ ವಿಧಿಸಿತು. ಆ ವಿಚಾರಣೆಯನ್ನು ಕೂತು ನೋಡಿ, ಕಟಕಟೆಯಲ್ಲಿ ನಿಲ್ಲಬೇಕಾದದ್ದು ನೌಕಾಪಡೆಯೇ ಎಂಬಂತೆ ಮೇಲ್ಮನವಿಗೆ ಹೋರಾಡಿದ ವಕೀಲ ತರ್ಗುಡ್ ಮಾರ್ಷಲ್. ಯುದ್ಧ ಮುಗಿದ ಮೇಲೆ ಸೆರೆಯಲ್ಲಿದ್ದವರು ಹೊರಬಂದರೂ ಕಳಂಕ ಹೋಗಲಿಲ್ಲ. ನೌಕಾಪಡೆ ಅವರನ್ನೆಲ್ಲ ದೋಷಮುಕ್ತರೆಂದು ಸಾರಿದ್ದು 2024ರ ಜುಲೈ 17ರಂದು, ಸ್ಫೋಟಕ್ಕೆ ಸರಿಯಾಗಿ 80 ವರ್ಷ ತುಂಬಿದಾಗ. ಲೂಯಿಸ್ ವರ್ಗದ ಇನ್ನೊಂದು ಹಡಗಿಗೆ ಮಾರ್ಷಲ್ ಅವರ ಹೆಸರನ್ನೂ ಗೊತ್ತುಮಾಡಲಾಗಿತ್ತು. ನೌಕಾಪಡೆಯ ವಿರುದ್ಧ ವಾದಿಸಿದ ವಕೀಲನ ಹೆಸರು ನೌಕಾಪಡೆಯ ಹಡಗಿಗೆ! ಇದನ್ನು ಬರಿಯ ಸುಣ್ಣ ಬಳಿಯುವ ಕೆಲಸವೆನ್ನಲು ನನಗೆ ಮನಸ್ಸು ಬರುವುದಿಲ್ಲ.

ಹಾಗೆಂದು ನೆಮ್ಮದಿಯಿಂದ ಒಪ್ಪಲೂ ಆಗುವುದಿಲ್ಲ. ಅದೇ ನೌಕಾಪಡೆಯಲ್ಲಿ ಜಾನ್ ಸಿ. ಸ್ಟೆನಿಸ್ ಎಂಬ ವಿಮಾನವಾಹಕ ನೌಕೆಯಿದೆ. ಎವರ್ಸ್ ಅವರಂತೆ ಸ್ಟೆನಿಸ್ ಕೂಡ ಮಿಸಿಸಿಪ್ಪಿಯವರು. ನಾಲ್ಕು ದಶಕಗಳಿಗೂ ಹೆಚ್ಚು ಕಾಲ ಸೆನೆಟರ್ ಆಗಿದ್ದು ನೌಕಾಪಡೆಗೆ ಹಣ ಒದಗಿಸಿಕೊಟ್ಟವರು. 1964ರ ನಾಗರಿಕ ಹಕ್ಕುಗಳ ಕಾಯ್ದೆಯನ್ನು ವಿರೋಧಿಸಿದರು. ಅದಕ್ಕೂ ಹಿಂದೆ, ಸರ್ಕಾರಿ ವಕೀಲರಾಗಿದ್ದಾಗ, ಚಾವಟಿಯಿಂದ ಹೊಡೆದು ತಪ್ಪೊಪ್ಪಿಗೆ ಹೇಳಿಸಿದ್ದ ಮೂವರು ಕಪ್ಪು ಕೃಷಿಕಾರ್ಮಿಕರಿಗೆ ಅದೇ ತಪ್ಪೊಪ್ಪಿಗೆಯ ಆಧಾರದ ಮೇಲೆ ಮರಣದಂಡನೆ ಕೊಡಿಸಿದ್ದರು. 1936ರಲ್ಲಿ ಸುಪ್ರೀಂ ಕೋರ್ಟ್ ಆ ಶಿಕ್ಷೆಯನ್ನು ರದ್ದುಮಾಡಿತು. ಅಂದರೆ ಸ್ಟೆನಿಸ್ ಹೆಸರಿನ ನೌಕೆ ಸಮರಕ್ಕೆ, ಎವರ್ಸ್ ಹೆಸರಿನ ಹಡಗು ಅಂಥ ನೌಕೆಗಳಿಗೆ ಊಟ ಮತ್ತು ಮದ್ದು ಒದಗಿಸುವುದಕ್ಕೆ. ಬೇಕೆಂದೇ ಹೀಗೆ ಜೋಡಿಸಿದರೆಂದು ನಾನು ಹೇಳುತ್ತಿಲ್ಲ. ಆದರೆ ಕಪ್ಪು ಜನರನ್ನು ಬಹುಕಾಲ ಅಡುಗೆ, ಊಟ ಬಡಿಸುವ ಕೆಲಸಕ್ಕೇ ಕಟ್ಟಿಹಾಕಿದ್ದ ಪಡೆಯಲ್ಲಿ ಈ ಹಂಚಿಕೆ ಯಾರ ಕಣ್ಣಿಗೂ ಚುಚ್ಚಲಿಲ್ಲವಲ್ಲ, ಅದು ನನ್ನನ್ನು ಕಾಡುತ್ತದೆ. ಪರ್ಲ್ ಹಾರ್ಬರಿನಲ್ಲಿ ಶೌರ್ಯ ತೋರಿದ ಅಡುಗೆಮನೆಯ ಸಹಾಯಕ ಡೋರಿಸ್ ಮಿಲ್ಲರ್ ಹೆಸರನ್ನು 2020ರಲ್ಲಿ ವಿಮಾನವಾಹಕವೊಂದಕ್ಕೆ ಘೋಷಿಸಿದಾಗ ಈ ಹಂಚಿಕೆಯಲ್ಲಿ ಮೊದಲ ಬಿರುಕು ಬಿತ್ತೆಂದು ನನಗೆ ಅನ್ನಿಸಿತು.

2025ರ ಜೂನ್‌ನಲ್ಲಿ ಸಾಲಪತ್ರ ಹರಿಯುವ ಕೆಲಸ ಆರಂಭವಾಯಿತು. ಹಾರ್ವೆ ಮಿಲ್ಕ್ ಎಂಬ ಇಂಧನ ಹಡಗಿನ ಹೆಸರು ತೆಗೆದು ಆಸ್ಕರ್ ಪೀಟರ್ಸನ್ ಎಂದು ಇಟ್ಟರು. ಸಲಿಂಗಿ ಎಂಬ ಕಾರಣಕ್ಕೆ 1950ರ ದಶಕದಲ್ಲಿ ನೌಕಾಪಡೆಯಿಂದ ಹೊರಬೀಳಬೇಕಾಗಿ ಬಂದವರು ಮಿಲ್ಕ್. ಅದೇ ನೌಕಾಪಡೆ ಅವರ ಹೆಸರನ್ನು ಹಡಗಿಗೆ ಇಟ್ಟು, ಮತ್ತೆ ಕಿತ್ತುಹಾಕಿ, ಒಬ್ಬನೇ ಮನುಷ್ಯನನ್ನು ಎರಡು ಸಲ ಹೊರಗಟ್ಟಿದಂತಾಯಿತು. ಮಾರ್ಷಲ್, ಎವರ್ಸ್ ಹೆಸರುಗಳೂ ಬದಲಾಗಬೇಕಾದವುಗಳ ಪಟ್ಟಿಯಲ್ಲಿವೆಯೆಂದು ಆಗ ವರದಿಗಳು ಬಂದವು.

ಇದಕ್ಕೆ ಬರುವ ಎದುರುವಾದವನ್ನು ತಪ್ಪಿಸಿಕೊಳ್ಳಬಾರದು. 2023ರಲ್ಲಿ ಚಾನ್ಸಲರ್ಸ್‌ವಿಲ್ ಎಂಬ ನೌಕೆಯ ಹೆಸರು ತೆಗೆದು ರಾಬರ್ಟ್ ಸ್ಮಾಲ್ಸ್ ಎಂದು ಇಟ್ಟಾಗ ಸಂತೋಷಪಟ್ಟವರು ಈಗ ಯಾಕೆ ಕೂಗಾಡಬೇಕು ಎಂಬ ಪ್ರಶ್ನೆ ನ್ಯಾಯವಾದದ್ದೇ. ಚಾನ್ಸಲರ್ಸ್‌ವಿಲ್ ಅಮೆರಿಕದ ಅಂತರ್ಯುದ್ಧದಲ್ಲಿ ಗುಲಾಮಗಿರಿಯ ಪಕ್ಷ ಗೆದ್ದ ಕದನದ ಹೆಸರು. ಸ್ಮಾಲ್ಸ್ 1862ರಲ್ಲಿ ಆ ಪಕ್ಷದ ಹಡಗನ್ನೇ ಹಾರಿಸಿಕೊಂಡು ಬಂದು ತನ್ನನ್ನೂ ತನ್ನವರನ್ನೂ ಬಿಡಿಸಿಕೊಂಡ ಗುಲಾಮ. ಹೆಸರು ಬದಲಾಗಲೇಬಾರದೆಂದು ನಾನು ವಾದಿಸುವುದಿಲ್ಲ. ಬದಲಾವಣೆಯಿಂದ ಪ್ರಭುತ್ವದ ಬಾಧ್ಯತೆ ಹೆಚ್ಚಿತೋ, ಕಳಚಿತೋ ಎಂದು ಕೇಳುತ್ತೇನೆ. ಸ್ಮಾಲ್ಸ್ ಹೆಸರು ಇಟ್ಟಾಗ ಅದು ಹೆಚ್ಚಿತು, ಮಿಲ್ಕ್ ಹೆಸರು ತೆಗೆದಾಗ ಕಳಚಿತು.

ಪೀಟರ್ಸನ್ ಬಗ್ಗೆ ತಕರಾರಿಲ್ಲ. 1942ರ ಕೋರಲ್ ಸಮುದ್ರದ ಕದನದಲ್ಲಿ ನಿಯೋಶೋ ಎಂಬ ಇಂಧನ ಹಡಗನ್ನು ಉಳಿಸಲು ಮೈ ಸುಟ್ಟುಕೊಂಡು ಪ್ರಾಣ ಕೊಟ್ಟವರು ಅವರು. ಇಂಧನ ಹಡಗಿಗೆ ಅವರಿಗಿಂತ ಒಪ್ಪುವ ಹೆಸರು ಸಿಗುವುದು ಕಷ್ಟ. ಆದರೆ ಲೂಯಿಸ್ ವರ್ಗದಲ್ಲಿ 20 ಹಡಗುಗಳನ್ನು ಕಟ್ಟುವ ಯೋಜನೆಯಿತ್ತು. ಇನ್ನೂ ಹೆಸರಿಡದ ಯಾವುದಾದರೂ ಹಡಗಿಗೆ ಅವರ ಹೆಸರಿಟ್ಟಿದ್ದರೆ ಎರಡು ಋಣಗಳೂ ಲೆಕ್ಕದಲ್ಲಿ ಉಳಿಯುತ್ತಿದ್ದವು.